ಒಂಟಿಯವನ ಕಾಗದಕ್ಕೆ ಇಬ್ಬರು ಸಾಕ್ಷಿ

ಒಬ್ಬನೇ ಇರುವುದು ನನಗೆ ಬಂದೊದಗಿದ ಕಷ್ಟವಲ್ಲ, ನಾನೇ ಬೇಕೆಂದು ಮಾಡಿಕೊಂಡದ್ದು. ಇದನ್ನು ಮೊದಲೇ ಹೇಳಿಬಿಡಬೇಕು, ಇಲ್ಲದಿದ್ದರೆ ಓದುವವರು ‘ಅಯ್ಯೋ ಪಾಪ’ದಿಂದಲೇ ಶುರುಮಾಡುತ್ತಾರೆ. ನಾನು ಹುಟ್ಟಿದ್ದು ಹೊನ್ನಾವರದ ಕಡೆಯ ತುಂಬಿದ ಮನೆಯಲ್ಲಿ. ಅಲ್ಲಿ ಸ್ವಲ್ಪ ಹೊತ್ತು ಬಾಗಿಲು ಹಾಕಿಕೊಂಡು ಕೂತರೆ ಜ್ವರ ಬಂತೇನೋ ಎಂದು ಯಾರಾದರೂ ಬಂದು ಹಣೆ ಮುಟ್ಟಿ ನೋಡುತ್ತಿದ್ದರು. ಮುಂಬೈಗೆ ಬಂದು, ರೈಲ್ವೆಯ ಲೆಕ್ಕಪತ್ರ ವಿಭಾಗಕ್ಕೆ ಸೇರಿ, ಎಷ್ಟೋ ವರ್ಷ ಮತ್ತೊಬ್ಬರ ಜೊತೆ ರೂಮು ಹಂಚಿಕೊಂಡು, ಕಡೆಗೆ ಮುಲುಂಡ್ ಪೂರ್ವದಲ್ಲಿ ನನ್ನದೇ ವನ್ ರೂಮ್ ಕಿಚನ್ ಆದ ದಿನ ಒಳಗಿನಿಂದ ಚಿಲಕ ಹಾಕಿ ಬರಿ ನೆಲದ ಮೇಲೆ ಕಾಲು ಚಾಚಿ ಕೂತೆ. ಆ ಸುಖ ಇನ್ನೂ ನೆನಪಿದೆ. ಮದುವೆಯಾಗಲಿಲ್ಲ. ಅದಕ್ಕೆ ದೊಡ್ಡ ಕಾರಣವೇನೂ ಇಲ್ಲ, ಕೇಳಿದವರಿಗೆ ಹೇಳಿ ಹೇಳಿ ನನಗೇ ಸಾಕಾಗಿದೆ.

ಮುಂಬೈ ಕನ್ನಡಿಗರಿಗೆ ಸಂಘ-ಸಂಸ್ಥೆಗಳಿಗೇನೂ ಬರವಿಲ್ಲ. ಮಾಟುಂಗದ ಮೈಸೂರು ಅಸೋಸಿಯೇಷನ್ 1926ರಿಂದ ಇದೆ. ನೌಕರಿಯಲ್ಲಿದ್ದಾಗ ಅಲ್ಲಿಯ ಉಪನ್ಯಾಸಗಳಿಗೆ ಹೋಗಿ, ಹಿಂದಿನ ಸಾಲಿನಲ್ಲಿ ಕೂತು, ವಂದನಾರ್ಪಣೆಗೆ ಮೊದಲೇ ಎದ್ದು ಬರುತ್ತಿದ್ದೆ. ನಿವೃತ್ತಿಯಾದ ಮೇಲೆ ಅದೂ ನಿಂತಿತು. ಬೆಳಿಗ್ಗೆ ಸ್ಟೇಷನ್ ಹತ್ತಿರದ ಶೆಟ್ಟರ ಹೋಟೆಲಿನಲ್ಲಿ ಇಡ್ಲಿ, ಮನೆಗೆ ಬಂದು ‘ಕರ್ನಾಟಕ ಮಲ್ಲ’ ಪತ್ರಿಕೆ, ಮಧ್ಯಾಹ್ನ ಅನ್ನ-ತಂಬುಳಿ, ಸಂಜೆ ರೇಡಿಯೊ. ಎಷ್ಟೋ ದಿನ ನನ್ನ ಬಾಯಿಂದ ಹೊರಟ ಮಾತೆಂದರೆ ‘ಎರಡು ಇಡ್ಲಿ, ಸಾಂಬಾರ್ ಬೇರೆ’ ಎಂಬುದಷ್ಟೇ. ಹೀಗಿರಬೇಕೆನ್ನುವವರಿಗೆ ಮುಂಬೈ ಹೇಳಿ ಮಾಡಿಸಿದ ಊರು. ಲೋಕಲ್ ರೈಲಿನಲ್ಲಿ ಮೈಗೆ ಮೈ ಅಂಟಿಸಿಕೊಂಡು ನಿಂತರೂ ನೀನು ಯಾರ ಮಗ ಎಂದು ಕೇಳುವವರಿಲ್ಲ.

ನಮ್ಮ ಕಟ್ಟಡದ ಮೂರನೇ ಮಹಡಿಯಲ್ಲಿ ಒಬ್ಬ ಮಾಸ್ತರರಿದ್ದರು. ಮರಾಠಿಯವರು, ಹೆಂಡತಿ ತೀರಿಕೊಂಡಿದ್ದರು, ಮಗ ಹೊರದೇಶದಲ್ಲಿ. ಲಿಫ್ಟಿನಲ್ಲಿ ವರ್ಷಗಟ್ಟಲೆ ನೋಡಿದ್ದೆ. ಅವರ ಬಗ್ಗೆ ನನಗೆ ಗೊತ್ತಿದ್ದದ್ದು ಒಂದೇ: ದಿನಾ ಸಂಜೆ ಎರಡು ಬಾಳೆಹಣ್ಣು ತರುತ್ತಿದ್ದರು, ಡಜನ್ ಅಲ್ಲ, ಎರಡೇ. ಒಂದು ಬೆಳಿಗ್ಗೆ ಅವರ ಬಾಗಿಲು ತೆರೆಯಲಿಲ್ಲ. ಬೀಗ ಒಡೆಸಿ ನೋಡಿದರೆ ಬಚ್ಚಲ ಹತ್ತಿರ ಬಿದ್ದಿದ್ದರು, ಉಸಿರಿತ್ತು. ಖಾಸಗಿ ಆಸ್ಪತ್ರೆಯೊಂದಕ್ಕೆ ಸೇರಿಸಿದರು. ಫಾರಂನಲ್ಲಿ ರೋಗಿಯ ಸಂಬಂಧಿ ಎನ್ನುವ ಕಡೆ ನಮ್ಮ ಸೊಸೈಟಿಯ ಸೆಕ್ರೆಟರಿ ‘ಶೇಜಾರೀ’ ಎಂದು ಬರೆದು, ಅಂದರೆ ನೆರೆಯವನು ಎಂದು, ಸಹಿ ಹಾಕಿ ಬಂದರು. ಮೆದುಳಿನಲ್ಲಿ ರಕ್ತಸ್ರಾವ. ವೆಂಟಿಲೇಟರ್, ಮೂಗಿಗೆ ನಳಿಕೆ, ಗಂಟಲಿಗೆ ರಂಧ್ರ. ಇವರಿಗೆ ಏನು ಬೇಕಿತ್ತು, ಯಾವತ್ತಾದರೂ ಹೇಳಿದ್ದರಾ ಎಂದು ಡಾಕ್ಟರು ಕೇಳಿದಾಗ ಹೇಳುವುದಕ್ಕೆ ಯಾರಿಗೂ ಏನೂ ಗೊತ್ತಿರಲಿಲ್ಲ. ಮಗ ಫೋನಿನಲ್ಲಿ ‘ಏನೇನು ಮಾಡಲಿಕ್ಕಾಗುತ್ತದೋ ಎಲ್ಲ ಮಾಡಿ’ ಎಂದ. ದೂರದಲ್ಲಿರುವ ಮಗ ಇನ್ನೇನು ಹೇಳಿಯಾನು? ಎಲ್ಲವನ್ನೂ ಮಾಡಿದರು. ವಾರಗಳಾದ ಮೇಲೆ ಮಾಸ್ತರರು ಹೋದರು.

ಹನ್ನೆರಡನೆಯ ದಿನ ಕಳೆದ ಮೇಲೆ ಸೆಕ್ರೆಟರಿ ನನ್ನ ಬಾಗಿಲು ತಟ್ಟಿದರು. ಕೈಯಲ್ಲೊಂದು ರಿಜಿಸ್ಟರ್. ‘ಕಾಕಾ, ನೀವೂ ಒಬ್ಬರೇ ಅಲ್ಲವಾ? ಏನಾದರೂ ಆದರೆ ಯಾರಿಗೆ ಫೋನ್ ಮಾಡಬೇಕು, ಒಂದು ನಂಬರ್ ಬರೆಯಿರಿ.’ ನಾಳೆ ಕೊಡುತ್ತೇನೆ ಎಂದು ಕಳಿಸಿದೆ. ಬರೆಯುವುದಕ್ಕೆ ನಂಬರು ಇರಲಿಲ್ಲವೆಂದಲ್ಲ. ಊರಲ್ಲಿ ತಂಗಿ ಇದ್ದಾಳೆ, ದೀಪಾವಳಿಗೆ ಮಾತಾಡುತ್ತೇವೆ. ಅವಳ ಮಗ ಬೆಂಗಳೂರಿನಲ್ಲಿ, ಅವನ ಉಪನಯನಕ್ಕೂ ನಾನು ಹೋಗಿರಲಿಲ್ಲ. ಅಂಥವರ ನಂಬರನ್ನು ಅವರಿಗೆ ಹೇಳದೆ ಬರೆದುಕೊಡುವುದು ಹೇಗೆ, ಹೇಳುವುದಾದರೆ ಏನಂತ ಹೇಳುವುದು ಎಂಬುದು ನನ್ನ ತೊಡಕು.

ಲಿವಿಂಗ್ ವಿಲ್, ಅಂದರೆ ಗುಣವಾಗುವ ಆಸೆಯಿಲ್ಲದೆ ಮಾತೂ ನಿಂತಾಗ ಯಾವ ಚಿಕಿತ್ಸೆ ಬೇಡ ಎಂದು ಮೊದಲೇ ಬರೆದಿಡುವ ಕಾಗದ, ಮಾಡುವ ಯೋಚನೆ ಬಂದದ್ದು ಆಗ. ನಿಜ ಹೇಳಬೇಕೆಂದರೆ ಬಂದದ್ದು ಈ ತೊಡಕಿನಿಂದ ತಪ್ಪಿಸಿಕೊಳ್ಳುವುದಕ್ಕೆ. ಯಾರನ್ನೂ ಕೇಳುವ ಪ್ರಮೇಯವೇ ಬಾರದ ಹಾಗೆ ಎಲ್ಲವನ್ನೂ ನಾನೇ ಬರೆದಿಟ್ಟರಾಯಿತು, ನನ್ನ ಬದುಕಿನ ಉಳಿದ ಲೆಕ್ಕಗಳನ್ನು ನಾನೊಬ್ಬನೇ ನೋಡಿಕೊಂಡೆನಲ್ಲ, ಇದೂ ಒಂದು ಎಂದುಕೊಂಡೆ.

ಇದರ ಕಾನೂನು ಬೆಳೆದು ಬಂದದ್ದಕ್ಕೂ ನಮ್ಮ ಹೊನ್ನಾವರದ ಕಡೆಗೂ ಒಂದು ನಂಟಿದೆ. ಅರುಣಾ ಶಾನಭಾಗ ಹಳದೀಪುರದವರು. ನರ್ಸ್ ಆಗಿ ಪರೇಲಿನ ಕೆಇಎಂ ಆಸ್ಪತ್ರೆಯಲ್ಲಿದ್ದರು. 1973ರ ನವೆಂಬರ್ 27ರಂದು ಆಸ್ಪತ್ರೆಯೊಳಗೇ ಅಲ್ಲಿಯ ಕೆಲಸಗಾರನೊಬ್ಬನ ಹಲ್ಲೆಗೆ ಸಿಕ್ಕಿ ಮೆದುಳಿಗೆ ಪೆಟ್ಟಾಯಿತು. ಅಲ್ಲಿಂದ 2015ರ ಮೇ 18ರಂದು ಸಾಯುವ ತನಕ, 41 ವರ್ಷಕ್ಕೂ ಮೇಲೆ, ಅದೇ ಆಸ್ಪತ್ರೆಯ ಹಾಸಿಗೆಯಲ್ಲಿ. ಆಕೆಗೆ ಬಲವಂತದ ಆಹಾರ ನಿಲ್ಲಿಸಿ ಸಾಯಲು ಬಿಡಿ ಎಂದು ಪತ್ರಕರ್ತೆ ಪಿಂಕಿ ವಿರಾನಿ ಸುಪ್ರೀಂ ಕೋರ್ಟಿಗೆ ಹೋದರು. 2011ರ ಮಾರ್ಚ್ 7ರ ತೀರ್ಪಿನಲ್ಲಿ ಕೋರ್ಟು ಆ ಬೇಡಿಕೆಯನ್ನು ತಳ್ಳಿಹಾಕಿತು. ಆದರೆ ಮರಳಿ ಬರಲಾರದ ರೋಗಿಗೆ ಜೀವರಕ್ಷಕ ಚಿಕಿತ್ಸೆ ನಿಲ್ಲಿಸಲು ಹೈಕೋರ್ಟಿನ ಒಪ್ಪಿಗೆಯ ಮೇಲೆ ಅವಕಾಶವಿದೆ ಎಂದು ಮೊದಲ ಸಲ ಹೇಳಿತು. ಆ ತೀರ್ಪಿನಲ್ಲಿ ನಾನು ಎರಡು ಸಲ ಓದಿದ ಭಾಗ ಬೇರೆ. ಅರುಣಾ ಪರವಾಗಿ ಮಾತಾಡುವ ಆಪ್ತರು ಯಾರು ಎಂಬ ಪ್ರಶ್ನೆ ಬಂದಾಗ ಕೋರ್ಟು ತೋರಿಸಿದ್ದು ಅರ್ಜಿ ಹಾಕಿದವರನ್ನಲ್ಲ, ರಕ್ತಸಂಬಂಧಿಗಳನ್ನೂ ಅಲ್ಲ, ವರ್ಷಗಟ್ಟಲೆ ಉಣ್ಣಿಸಿ, ಮೈ ಒರೆಸಿ ನೋಡಿಕೊಂಡ ಕೆಇಎಂ ಸಿಬ್ಬಂದಿಯನ್ನು. ಅವರಿಗೆ ಆಕೆ ಬದುಕಿರಬೇಕಿತ್ತು. ಅವರಲ್ಲಿ ಹೆಚ್ಚಿನವರು ಸೇವೆಗೆ ಸೇರುವ ಹೊತ್ತಿಗೆ ಆಕೆ ಮಾತಾಡುವ ಸ್ಥಿತಿಯಲ್ಲಿರಲಿಲ್ಲ, ಅವರು ಆಕೆಯ ದನಿಯನ್ನೇ ಕೇಳಿದವರಲ್ಲ.

ಆಮೇಲೆ 2018ರ ಮಾರ್ಚ್ 9ರಂದು, ಕಾಮನ್ ಕಾಸ್ ಸಂಸ್ಥೆ 2005ರಲ್ಲೇ ಹಾಕಿದ್ದ ಅರ್ಜಿಯ ಮೇಲೆ, ಐವರು ನ್ಯಾಯಮೂರ್ತಿಗಳ ಪೀಠ ಲಿವಿಂಗ್ ವಿಲ್‌ಗೆ ಮಾನ್ಯತೆ ಕೊಟ್ಟಿತು. ಕೊಟ್ಟಿತೇನೋ ಹೌದು, ಆದರೆ ಮ್ಯಾಜಿಸ್ಟ್ರೇಟರ ಮೇಲುಸಹಿ ಬೇಕು ಎಂದದ್ದರಿಂದ ಹೆಚ್ಚಿನವರು ಆ ಗೋಜಿಗೆ ಹೋಗಲಿಲ್ಲ. 2023ರ ಜನವರಿ 24ರಂದು ಅದನ್ನು ಸಡಿಲಿಸಿ, ನೋಟರಿ ಅಥವಾ ಗೆಜೆಟೆಡ್ ಅಧಿಕಾರಿಯ ಮುಂದೆ ಮಾಡಿದರೆ ಸಾಕು ಎಂದರು. ಇಂಜೆಕ್ಷನ್ ಕೊಟ್ಟು ಸಾಯಿಸುವುದಕ್ಕೂ ಇದಕ್ಕೂ ಸಂಬಂಧವಿಲ್ಲ, ಅದು ಇವತ್ತಿಗೂ ಅಪರಾಧವೇ. ಗುಣವಾಗುವ ಆಸೆಯಿಲ್ಲ, ನನಗೆ ಮಾತಾಡುವ ಶಕ್ತಿಯೂ ಇಲ್ಲ ಎಂಬ ಸ್ಥಿತಿಯಲ್ಲಿ ಮಾತ್ರ ಈ ಕಾಗದ ಬಾಯಿ ತೆರೆಯುತ್ತದೆ. ಪ್ರಜ್ಞೆ ಇರುವಷ್ಟು ದಿನ ನನ್ನ ಮಾತೇ ಮಾತು, ಬೇಡವೆನಿಸಿದರೆ ಯಾವಾಗ ಬೇಕಾದರೂ ಲಿಖಿತವಾಗಿ ರದ್ದು ಮಾಡಬಹುದು.

ಸುಪ್ರೀಂ ಕೋರ್ಟಿನ ಈ ಆದೇಶವನ್ನು ಇಳಿಸಿಕೊಂಡು, ಲೆಕ್ಕಪತ್ರದವನ ಅಭ್ಯಾಸದಂತೆ ಪೆನ್ಸಿಲಿನಿಂದ ಗೆರೆ ಹಾಕುತ್ತಾ ಓದಿದೆ. ಒಬ್ಬನೇ ಮುಗಿಸಬಹುದು ಎಂದುಕೊಂಡ ಕೆಲಸಕ್ಕೆ ಜನ ಒಬ್ಬೊಬ್ಬರಾಗಿ ಬರತೊಡಗಿದರು. ಇಬ್ಬರು ಸಾಕ್ಷಿಗಳು, ಸಾಧ್ಯವಾದಷ್ಟೂ ಹೊರಗಿನವರು. ನೋಟರಿ. ನನ್ನ ಪರವಾಗಿ ಒಪ್ಪಿಗೆ ಕೊಡಬೇಕಾದ ಪೋಷಕರು (ಗಾರ್ಡಿಯನ್) ಅಥವಾ ಹತ್ತಿರದ ಸಂಬಂಧಿಗಳ ಹೆಸರು. ಅವರಿಗೂ, ಮನೆಯ ಡಾಕ್ಟರ್ ಎಂದು ಒಬ್ಬರಿದ್ದರೆ ಅವರಿಗೂ ಪ್ರತಿ ಕೊಟ್ಟು ತಿಳಿಸಬೇಕು. ಸ್ಥಳೀಯ ಆಡಳಿತ ನೇಮಿಸಿದ ಕಸ್ಟೋಡಿಯನ್‌ಗೆ, ಅಂದರೆ ಕಾಗದ ಕಾಪಿಡುವ ಅಧಿಕಾರಿಗೆ, ಒಂದು ಪ್ರತಿ. ಇಷ್ಟಾದ ಮೇಲೂ ಆಸ್ಪತ್ರೆಯಲ್ಲಿ ಮೂವರು ವೈದ್ಯರ ಒಂದು ಮಂಡಳಿ, ಅದರ ಮೇಲೆ ಮೂವರ ಇನ್ನೊಂದು ಮಂಡಳಿ ನೋಡಿ ಹೇಳಬೇಕು, ಎರಡಕ್ಕೂ ಆದಷ್ಟು 48 ಗಂಟೆಯೊಳಗೆ. ಕಡೆಗೆ ಮ್ಯಾಜಿಸ್ಟ್ರೇಟರಿಗೆ ಸುದ್ದಿ ಮುಟ್ಟಿಸಿ ನಿಲ್ಲಿಸುವುದು. ನನ್ನ ಪಾಡಿಗೆ ನನ್ನನ್ನು ಬಿಡಿ ಎಂದು ಹೇಳುವುದಕ್ಕೆ ಇಷ್ಟು ಜನ! ಮೊದಲ ದಿನ ಸಿಟ್ಟೇ ಬಂತು. ಒಬ್ಬನೇ ಇರುವವನೊಬ್ಬ ಈ ದೇಶದಲ್ಲಿ ಇರಬಹುದು ಎಂಬುದೇ ನ್ಯಾಯಮೂರ್ತಿಗಳಿಗೆ ಹೊಳೆಯಲಿಲ್ಲವೇ ಎಂದು.

ಸಿಟ್ಟು ಇಳಿದದ್ದು ನಮ್ಮ ಡಾಕ್ಟರ ಹತ್ತಿರ ಹೋದಾಗ. ಬೆಳಗಾವಿ ಕಡೆಯವರು, ಮುಲುಂಡಿನಲ್ಲಿ ಬಹಳ ವರ್ಷದಿಂದ ದವಾಖಾನೆ ಇಟ್ಟಿದ್ದಾರೆ. ಬಿಪಿ ಗುಳಿಗೆ ಬರೆಸಿಕೊಳ್ಳುವುದಕ್ಕೆ ಬಿಟ್ಟರೆ ನಾನು ಅವರೊಡನೆ ಮಾತಾಡಿದವನಲ್ಲ. ಕರಡನ್ನು ಪೂರ್ತಿ ಓದಿದರು. ಕನ್ನಡಕ ತೆಗೆದಿಟ್ಟು, ‘ಛಲೋ ಬರದೀರಿ. ಆದ್ರ ಇದನ್ನ ಕಪಾಟಿನಾಗ ಇಟ್ರ ಏನ್ ಉಪಯೋಗ? ರಾತ್ರಿ ಎರಡಕ್ಕ ಐಸಿಯುದಾಗಿಂದ ಫೋನ್ ಬಂದ್ರ ಕಾಗದ ಎತ್ತೂದಿಲ್ರಿ, ಮನಶ್ಯಾನ ಎತ್ತಬೇಕು’ ಎಂದರು. ಎರಡು ಸಲಹೆಯನ್ನೂ ಕೊಟ್ಟರು. ನೋವು ಕಡಿಮೆ ಮಾಡುವ ಔಷಧಿ, ಬಾಯಿ ಒದ್ದೆ ಮಾಡುವುದು, ಮೈ ತಿರುಗಿಸಿ ಮಲಗಿಸುವುದು ಇವನ್ನು ಕಡೆಯ ತನಕ ಮುಂದುವರಿಸಿ ಎಂದು ಬೇರೆಯೇ ಸಾಲಾಗಿ ಬರೆಯಿರಿ, ಇಲ್ಲದಿದ್ದರೆ ‘ಏನೂ ಬೇಡ’ ಎಂದು ಓದಿಕೊಳ್ಳುತ್ತಾರೆ ಎಂಬುದು ಒಂದು. ಹೆಸರು ಹಾಕುವವರಲ್ಲಿ ಒಬ್ಬರಾದರೂ ಒಂದು ರಿಕ್ಷಾ ದೂರದಲ್ಲಿ ಇರಲಿ ಎಂಬುದು ಇನ್ನೊಂದು.

ತಂಗಿಗೆ ಫೋನ್ ಮಾಡಿದೆ. ದೀಪಾವಳಿ ಅಲ್ಲದ ದಿನ ನನ್ನ ನಂಬರು ನೋಡಿ ಅವಳ ದನಿಯೇ ಬದಲಾಗಿತ್ತು. ‘ಎಂತ ಆತೋ ಅಣ್ಣಯ್ಯ? ಆರಾಮಿದ್ಯಾ ಇಲ್ಯಾ?’ ಆರಾಮಿದ್ದೇನೆ ಎಂದು ನಂಬಿಸುವುದಕ್ಕೇ ಹೊತ್ತು ಹಿಡಿಯಿತು. ವಿಷಯ ಹೇಳಿದೆ. 2025ರ ಜನವರಿಯಲ್ಲಿ ಕರ್ನಾಟಕದ ಆರೋಗ್ಯ ಇಲಾಖೆ ಇದರ ಬಗ್ಗೆ ಸುತ್ತೋಲೆ ಹೊರಡಿಸಿದ್ದನ್ನು ಅವಳು ಟಿವಿಯಲ್ಲಿ ನೋಡಿದ್ದಳು, ಹಾಗಾಗಿ ತೀರಾ ಗಾಬರಿಯಾಗಲಿಲ್ಲ. ಆದರೆ ಅವಳ ಉತ್ತರ ಕಾಗದದ ಬಗ್ಗೆ ಇರಲೇ ಇಲ್ಲ. ‘ಯಮ್ಮನೆಗೆ ಬಂದು ಉಳ್ಕಂಬಲೆ ಆಗ್ತಿಲ್ಯನ ನಿಂಗೆ?’ ಎಂದಳು. ಆಗುವುದಿಲ್ಲ ಎಂದೆ. ಸ್ವಲ್ಪ ಹೊತ್ತು ಇಬ್ಬರೂ ಸುಮ್ಮನಿದ್ದೆವು. ಹಿಂದಿನಿಂದ ಕುಕ್ಕರ್ ಕೂಗಿತು. ಅದನ್ನು ಇಳಿಸಿ ಬಂದು, ಮಗನ ನಂಬರು ಹೇಳಿ ಬರೆಸಿದಳು. ನಿನ್ನ ಹೆಸರು ಹಾಕಲಾ ಎಂದು ಕೇಳಿದ್ದಕ್ಕೆ, ಬೇಡ, ಆ ಹೊತ್ತಿಗೆ ನಿಲ್ಲಿಸಿ ಎಂಬ ಮಾತು ತನ್ನ ಬಾಯಲ್ಲಿ ಬರಲಿಕ್ಕಿಲ್ಲ ಎಂದಳು. ಇಷ್ಟು ನೇರ ಉತ್ತರ ನಾನು ಎದುರುನೋಡಿರಲಿಲ್ಲ. ಬೇರೆ ಯಾರಾದರೂ ಆಗಿದ್ದರೆ ಹೂಂ ಎಂದು, ಬೇಕಾದ ಹೊತ್ತಿಗೆ ಅತ್ತುಬಿಡುತ್ತಿದ್ದರು.

ಅಳಿಯ ಅವತ್ತು ರಾತ್ರಿಯೇ ಫೋನ್ ಮಾಡಿದ. ‘ಮಾವ, ಡ್ರಾಫ್ಟ್ ಕಳಿಸು, ನಾ ನೋಡ್ತಿ.’ ಸಾಫ್ಟ್‌ವೇರಿನವನು. ನನ್ನ ಕರಡಿನಲ್ಲಿ ‘ಗುಣವಾಗದ ಕಾಯಿಲೆ’ ಎಂದು ಎಲ್ಲೆಲ್ಲಿ ಇತ್ತೋ ಅಲ್ಲೆಲ್ಲ ಹಳದಿ ಬಣ್ಣ ಬಳಿದು, ಸಕ್ಕರೆ ಕಾಯಿಲೆಯೂ ಗುಣವಾಗದ್ದೇ ಅಲ್ಲವಾ ಎಂದು ಬರೆದು ಕಳಿಸಿದ್ದ. ಸರಿಯಾಗಿಯೇ ಹಿಡಿದಿದ್ದ. ಆ ಸಾಲುಗಳ ಮೇಲೆ ನಾವಿಬ್ಬರೂ ರಾತ್ರಿ ಕೂತು ಮಾತಾಡಿದ್ದು, ಅವನು ಹುಟ್ಟಿದಾಗಿನಿಂದ ನಾವು ಆಡಿದ ಎಲ್ಲ ಮಾತಿಗಿಂತ ಹೆಚ್ಚು. ಸಾಯುವುದರ ಬಗ್ಗೆ ಮಾತಾಡುವಾಗ ಕುಶಲೋಪಚಾರದ ಗೊಡವೆ ಇರುವುದಿಲ್ಲ, ನನ್ನಂಥವನಿಗೆ ಅದೇ ಅನುಕೂಲವಾಯಿತು. ‘ನಿಂಗೆ ಗುರುತು ಸಿಕ್ಕದೇ ಹೋದ್ರೆ, ಆದ್ರೆ ನೋವು ಇಲ್ಲೆ ಅಂದ್ರೆ, ಆಗ?’ ಎಂದು ಕೇಳಿದ. ನಾನು ಯೋಚಿಸಿಯೇ ಇರಲಿಲ್ಲ.

ರಿಕ್ಷಾ ದೂರದ ಹೆಸರು ಯಾರದ್ದು ಎಂಬುದು ಉಳಿಯಿತು. ಪರಿಚಯದ ವಕೀಲರನ್ನು ಕೇಳಿದೆ. ಆದೇಶದಲ್ಲಿರುವುದು ಪೋಷಕ ಅಥವಾ ಹತ್ತಿರದ ಸಂಬಂಧಿ ಎಂದು. ಸ್ನೇಹಿತ ಎಂಬ ಮಾತು ಅಲ್ಲಿಲ್ಲ. ನಂಬಿಕೆಯವರನ್ನು ಪೋಷಕರೆಂದು ಕಾಗದದಲ್ಲೇ ಸ್ಪಷ್ಟವಾಗಿ ಹೆಸರಿಸಿದರೆ ಅಡ್ಡಿ ಕಾಣುವುದಿಲ್ಲ ಎಂಬುದು ಅವರ ಅಭಿಪ್ರಾಯ. ಸರಿ, ನಂಬಿಕೆಯವರು ಯಾರು? ಮನಸ್ಸಿನಲ್ಲೇ ಪಟ್ಟಿ ಮಾಡಲು ಕೂತರೆ ಬಂದದ್ದು ಶೆಟ್ಟರೊಬ್ಬರೇ. ಹೋಟೆಲಿನ ಶೆಟ್ಟರು. ಸ್ನೇಹ ಎನ್ನುವಂಥದ್ದೇನೂ ನಮ್ಮ ನಡುವೆ ಇರಲಿಲ್ಲ. ಕುಂದಾಪುರದ ಕಡೆಯಿಂದ ಹುಡುಗನಾಗಿ ಬಂದು, ಹಗಲು ಕಪ್ಪು ತೊಳೆದು, ರಾತ್ರಿ ಕನ್ನಡ ಶಾಲೆಗೆ ಹೋಗಿ ಕಲಿತ ಮುಂಬೈಯ ಆ ತಲೆಮಾರಿನವರು. ನಾನು ಕುಳಿತುಕೊಳ್ಳುವ ಮೂಲೆಯ ಮೇಜಿನ ಮೇಲೆ ಬೇರೆ ಯಾರನ್ನೂ ಕೂರಿಸುವುದಿಲ್ಲ, ನನ್ನೊಡನೆ ಮಾತಾಡಲೂ ಬರುವುದಿಲ್ಲ. ಇಷ್ಟು ವರ್ಷ ನನ್ನನ್ನು ಹೀಗೆ ಸುಮ್ಮನೆ ಬಿಟ್ಟವರು, ಕಡೆಗಾಲದಲ್ಲೂ ಬಿಡುತ್ತಾರೆ ಎಂಬ ಧೈರ್ಯ.

ಹನ್ನೊಂದು ಗಂಟೆಯ ಹೊತ್ತು, ಗಿರಾಕಿ ಕಡಿಮೆ ಇದ್ದಾಗ, ಗಲ್ಲಾದ ಎದುರು ನಿಂತು ಹೇಳಿದೆ. ‘ಎಂತ ಮಾರಾಯ್ರೆ ಭಟ್ರೇ, ಸಾಯುಕೂ ಅರ್ಜಿ ಹಾಕ್ಕಾ?’ ಎಂದು ಜೋರಾಗಿ ನಕ್ಕರು. ಕಾಗದ ಓದಿದ ಮೇಲೆ ನಗಲಿಲ್ಲ. ಚಿಲ್ಲರೆ ಎಣಿಸುತ್ತಿದ್ದವರು ಅದನ್ನು ಗಲ್ಲಾಕ್ಕೆ ಹಾಕಿ, ಹುಡುಗನಿಗೆ ಎರಡು ಕಾಫಿ ಹೇಳಿ, ಮೂಲೆಯ ಮೇಜಿಗೆ ಬಂದು ನನ್ನ ಎದುರು ಕೂತರು. ಆ ಜಾಗದಲ್ಲಿ ಅವರು ಕೂತದ್ದು ಅದೇ ಮೊದಲು. ‘ನಂಗೆ ಯಾವತ್ತ್ ಫೋನ್ ಬರುದ್, ಯಾರ್ ಮಾಡ್ತ್ರ್, ನಾನ್ ಎಂತ ಹೇಳ್ಕ್’ ಎಂದು ಕೇಳಿದರು. ವ್ಯಾಪಾರಸ್ಥರ ಪ್ರಶ್ನೆಗಳು. ಇಂಥ ಹೊತ್ತಿನಲ್ಲಿ ನನಗೆ ಬೇಕಿದ್ದದ್ದೂ ಅಂಥವೇ.

ಹೆಸರು ಹಾಕಿದವರನ್ನೇ ಸಾಕ್ಷಿ ಮಾಡುವುದು ಬೇಡವೆಂದರು ವಕೀಲರು. ಹಾಗಾಗಿ ಇನ್ನಿಬ್ಬರು. ಎದುರುಮನೆಯ ಮರಾಠಿ ಹೆಂಗಸು, ನಾವು ವಹಿನಿ (ಅತ್ತಿಗೆ) ಎನ್ನುವವರು, ಒಪ್ಪಿದರು. ಬಾಗಿಲ ಸಂದಿಯಿಂದ ತೆಗೆದುಕೊಂಡ ಗಣಪತಿ ಹಬ್ಬದ ಮೋದಕ ಬಿಟ್ಟರೆ ನಮ್ಮ ನಡುವೆ ಬೇರೆ ವ್ಯವಹಾರವಿರಲಿಲ್ಲ. ಇನ್ನೊಬ್ಬ ಪೇಪರ್‌ವಾಲಾ. ಸಾತಾರಾ ಕಡೆಯವನು, ಕನ್ನಡ ಒಂದಕ್ಷರ ಬಾರದು, ಕಟ್ಟಿನೊಳಗಿಂದ ಕರ್ನಾಟಕ ಮಲ್ಲವನ್ನು ಮಾತ್ರ ತಲೆಬರಹದ ಆಕಾರ ನೋಡಿಯೇ ಎಳೆಯುತ್ತಾನೆ. ಅವನನ್ನು ಯಾಕೆ ಕೇಳಿದೆನೆಂದರೆ, ಮಾಸ್ತರರ ಬಾಗಿಲಲ್ಲಿ ಹಿಂದಿನ ದಿನದ ಪೇಪರು ಎತ್ತದೆ ಬಿದ್ದದ್ದನ್ನು ಕಂಡು ವಾಚ್‌ಮನ್‌ಗೆ ಹೇಳಿದವನು ಅವನೇ. ಇದು ನನಗೆ ಗೊತ್ತಾದದ್ದು ಈಗ, ಕೇಳಲು ಹೋದಾಗ. ನಮ್ಮ ಕಟ್ಟಡದಲ್ಲಿ ಯಾವ ಮನೆಯ ಪೇಪರು ಎಷ್ಟು ಹೊತ್ತಿಗೆ ಒಳಗೆ ಹೋಗುತ್ತದೆಂಬ ಲೆಕ್ಕ ಅವನಿಗಿದೆ. ನನ್ನದು ಶೆಟ್ಟರ ಹೋಟೆಲಿನಿಂದ ಬಂದ ಮೇಲೆ ಎಂಬುದೂ. ಯಾರಿಗೂ ಕಾಣದೆ ಬದುಕುತ್ತಿದ್ದೇನೆ ಎಂದುಕೊಂಡಿದ್ದೆನಲ್ಲ, ಅದು ನನ್ನೊಬ್ಬನ ನಂಬಿಕೆಯಾಗಿತ್ತು.

ನೋಟರಿ ಕೂತಿದ್ದು ಝೆರಾಕ್ಸ್ ಅಂಗಡಿಯ ಪಕ್ಕದ ಸಣ್ಣ ಕೋಣೆಯಲ್ಲಿ. ಬಾಡಿಗೆ ಕರಾರು, ಹೆಸರು ಬದಲಾವಣೆಯ ಅಫಿಡವಿಟ್, ಗ್ಯಾಸ್ ಪುಸ್ತಕ ಕಳೆದದ್ದು ಇವು ಅವರ ದಿನದ ಕೆಲಸ. ವಿಲ್ ಎಂದ ತಕ್ಷಣ ಆಸ್ತಿ ಎಷ್ಟು ಎಂದು ಕೇಳಿದರು. ಆಸ್ತಿಯದ್ದಲ್ಲ ಎಂದು ಆದೇಶದ ಪ್ರತಿಯನ್ನು ಮುಂದಿಟ್ಟೆ. ಬೆರಳಿಟ್ಟು ನಿಧಾನ ಓದಿದರು. 500 ರೂಪಾಯಿ ಸ್ಟ್ಯಾಂಪ್ ಪೇಪರಿನ ಮೇಲೆ ಇರಲಿ ಎಂದರು (ಮಹಾರಾಷ್ಟ್ರದಲ್ಲಿ 2024ರ ಅಕ್ಟೋಬರಿನಿಂದ ನೂರು, ಇನ್ನೂರರವು ನಿಂತುಹೋಗಿವೆ). ಆದೇಶದಲ್ಲಿ ಸ್ಟ್ಯಾಂಪಿನ ಮಾತಿಲ್ಲ, ಆದರೂ ಮುದ್ರೆ ಇದ್ದಷ್ಟೂ ಆಸ್ಪತ್ರೆಯವರು ಗೌರವದಿಂದ ಓದುತ್ತಾರೆ ಎಂದು ನಾನೂ ವಾದಕ್ಕೆ ಹೋಗಲಿಲ್ಲ. ಪುಟಪುಟಕ್ಕೂ ನನ್ನ ಸಹಿ. ಪೇಪರ್‌ವಾಲಾ ಬೆರಳುಗಳ ಮಸಿಯನ್ನು ಪ್ಯಾಂಟಿಗೆ ಒರೆಸಿಕೊಂಡು, ‘ಕಾಕಾ, ಸಹೀ ಕುಠೆ?’ ಎಂದು ಜಾಗ ಕೇಳಿ, ನಾಲಗೆ ಕಚ್ಚಿಕೊಂಡು ತನ್ನ ಪೂರ್ತಿ ಹೆಸರನ್ನು ಅಪ್ಪನ ಹೆಸರು ಸಹಿತ ಮೋಡಿ ತಿರುವದೆ ದುಂಡಾಗಿ ಬರೆದ. ವಹಿನಿ ಚಿಕ್ಕ ಸಹಿ ಹಾಕಿ, ಆಮೇಲೆ ನನ್ನ ಕಡೆ ತಿರುಗಿ, ‘ತುಮ್ಚಂ ವಯ ಕಿತೀ, ಕಾಕಾ?’ ಎಂದು ಕೇಳಿದರು. ಇಷ್ಟು ವರ್ಷದ ನೆರೆಯಲ್ಲಿ ವಯಸ್ಸು ಕೇಳಿದ್ದು ಈಗ. ನೋಟರಿಯ ರಿಜಿಸ್ಟರಿನಲ್ಲಿ ಮತ್ತೊಂದು ಸಹಿ, ಹೆಬ್ಬೆಟ್ಟು, ಕೆಂಪು ಸೀಲು. ಒಟ್ಟು ಕೆಲಸ ಒಂದು ಕಾಫಿ ಕುಡಿಯುವಷ್ಟು ಹೊತ್ತಿನದು.

ಕಸ್ಟೋಡಿಯನ್ ಭಾಗ ಬೇಗ ಮುಗಿಯಿತು. ಮುಂಬೈಯ ಸ್ತ್ರೀರೋಗ ತಜ್ಞ ಡಾ. ನಿಖಿಲ್ ದಾತಾರ್ ತಮ್ಮದೇ ಲಿವಿಂಗ್ ವಿಲ್ ಮಾಡಿ, ಅದನ್ನು ಯಾರ ಬಳಿ ಕೊಡಬೇಕೆಂದು ಕೇಳಿಕೊಂಡು ಬಾಂಬೆ ಹೈಕೋರ್ಟಿಗೆ ಹೋದದ್ದರಿಂದ ನಮ್ಮಂಥವರ ದಾರಿ ಸಲೀಸಾಗಿದೆ. ಮುಲುಂಡ್ ಎಂದರೆ ಪಾಲಿಕೆಯ ಟಿ ವಾರ್ಡ್. ಅಲ್ಲಿ ಪ್ರತಿ ಕೊಟ್ಟು, ನನ್ನ ಪ್ರತಿಯ ಮೇಲೆ ಆವಕ್ (ಸ್ವೀಕೃತಿ) ಮುದ್ರೆ ಒತ್ತಿಸಿಕೊಂಡು ಬಂದೆ. ಗುಮಾಸ್ತರೊಬ್ಬರು ಓದಿ, ಇದನ್ನು ತನ್ನ ತಾಯಿಗೂ ಮಾಡಿಸಬಹುದಾ ಎಂದು ಕೇಳಿದರು. ತಾಯಿ ತಾವೇ ಒಪ್ಪಿ ಮಾಡಬೇಕು, ಮಗ ಮಾಡಿಸುವಂಥದ್ದಲ್ಲ ಎಂದೆ.

ಮುಗಿಯಿತು ಎಂದುಕೊಂಡು ನಾನು ನನ್ನ ರೇಡಿಯೊಗೆ ಮರಳಿದೆ. ಮುಗಿದಿರಲಿಲ್ಲ. ಹೆಸರು ಬರೆಸಿಕೊಂಡವರು ಅದನ್ನು ಬರಿ ಕಾಗದ ಎಂದು ತಿಳಿಯುವುದಿಲ್ಲ ಎಂಬುದನ್ನು ನನಗೆ ಯಾವ ತೀರ್ಪೂ ಹೇಳಿರಲಿಲ್ಲ. ಅಳಿಯ ಭಾನುವಾರ ಫೋನ್ ಮಾಡತೊಡಗಿದ. ಒಂದು ಬೆಳಿಗ್ಗೆ ಮಳೆಯೆಂದು ಹೋಟೆಲಿಗೆ ಹೋಗದಿದ್ದರೆ ಶೆಟ್ಟರ ಹುಡುಗ ಪಾರ್ಸೆಲ್ ಹಿಡಿದು ಬಾಗಿಲಲ್ಲಿ. ‘ಸೇಠ್ ನೋಡಿಕೊಂಡು ಬಾ ಅಂದರು.’ ನನ್ನನ್ನು ಮೇಲಿಂದ ಕೆಳಗೆ ನೋಡಿ ಹೋದ. ವಹಿನಿ ಈಗ ಮೋದಕ ಸಂದಿಯಿಂದ ಕೊಡುವುದಿಲ್ಲ, ಒಳಗೆ ಬಂದು ಡಬ್ಬಿ ಖಾಲಿ ಮಾಡಿಕೊಂಡು ಹೋಗುತ್ತಾರೆ. ಹೋಗುವಾಗ ನನ್ನ ಫ್ರಿಜ್ಜಿನ ಬಗ್ಗೆ ಅಭಿಪ್ರಾಯವನ್ನೂ ಹೇಳುತ್ತಾರೆ. ಇದೆಲ್ಲ ನನಗೆ ಹಿಡಿಸುತ್ತಿದೆ ಎಂದು ಬರೆದರೆ ಸುಳ್ಳಾಗುತ್ತದೆ. ಕಿರಿಕಿರಿಯಾಗುತ್ತದೆ. ಬಾಗಿಲು ತಟ್ಟಿದಾಗ ಉಸಿರು ಬಿಗಿಹಿಡಿದು ಕೂತು, ಹೋಗಲಿ ಎಂದು ಕಾಯುವುದು ನನ್ನ ಹಳೆಯ ಅಭ್ಯಾಸ. ಈಗ ಹಾಗೆ ಕೂತರೆ ಬೀಗ ಒಡೆಸುತ್ತಾರೆ.

ಶೆಟ್ಟರು ಒಂದು ದಿನ ಮೂಲೆಯ ಮೇಜಿಗೆ ಬಂದು ತಮ್ಮದೂ ಒಂದು ಮಾಡಿಕೊಡಿ ಎಂದರು. ಅವರಿಗೆ ಹೆಂಡತಿ, ಮೂವರು ಮಕ್ಕಳು, ಅಣ್ಣತಮ್ಮಂದಿರು, ಊರಲ್ಲಿ ದೈವ, ಕುಟುಂಬದ ಮನೆ. ಕರಡು ಬರೆದು, ಹೆಸರು ಯಾರದ್ದು ಹಾಕಲಿ ಎಂದು ಕೇಳಿದೆ. ದೊಡ್ಡ ಮಗಳದ್ದು ಒಂದು, ನಿಮ್ಮದು ಒಂದು ಎಂದರು. ನಾನೇಕೆ, ನಿಮ್ಮವರೇ ಇಷ್ಟೊಂದು ಜನ ಇದ್ದಾರಲ್ಲ ಎಂದೆ. ‘ಅದಕ್ಕೇ ಭಟ್ರೇ. ಅವ್ರೆಲ್ಲ ಕೂಗ್ತ್ರ್. ಒಬ್ರ್ ಕೂಗದವ್ರ್ ಬೇಕ್’ ಎಂದರು. ರಾತ್ರಿ ಫೋನ್ ಆಫ್ ಮಾಡಿ ಮಲಗುತ್ತಿದ್ದವನು ಈಗ ಆಫ್ ಮಾಡುವ ಹಾಗಿಲ್ಲ. ಬ್ಯಾಂಕಿನ ಸಾಲ ಬೇಕೇ ಎಂದು ಕೇಳುವವರ ಕರೆಗಳನ್ನೂ ಹೀಗಾಗಿ ಎತ್ತುತ್ತಿದ್ದೇನೆ.

ತಂಗಿ ಹೆಸರು ಬೇಡವೆಂದಿದ್ದರೂ ಕನ್ನಡದಲ್ಲಿ ಬರೆದ ಒಂದು ಪ್ರತಿ ಅವಳಿಗೆ ಕಳಿಸಿದ್ದೆ. ಓದಿದವಳು ಒಂದೇ ಒಂದು ಸಾಲಿಗೆ ತಕರಾರು ತೆಗೆದಿದ್ದಾಳೆ. ಆಹಾರದ ನಳಿಕೆ ಬೇಡ ಎಂದು ಬರೆದಿದ್ದೇನೆ. ‘ನಳಿಕೆ ಬ್ಯಾಡ ಅಂದ್ರೆ ಗಂಜಿಯೂ ಬ್ಯಾಡನಾ? ಚಮಚದಲ್ಲಿ ಕೊಟ್ರೆ?’ ಎಂದು ಕೇಳಿದಳು. ಅರುಣಾ ಶಾನಭಾಗರಿಗೆ ನರ್ಸುಗಳು ಮೆತ್ತಗೆ ಮಾಡಿದ ಅನ್ನವನ್ನು ಬಾಯಿಗೆ ಉಣ್ಣಿಸುತ್ತಿದ್ದದ್ದು ಅವಳಿಗೂ ಗೊತ್ತು, ನಮ್ಮ ಕಡೆಯವರಿಗೆಲ್ಲ ಗೊತ್ತು. ಡಾಕ್ಟರನ್ನು ಕೇಳಿದೆ. ನುಂಗಲು ಬರುವಷ್ಟು ದಿನ ಬಾಯಿಯಿಂದ ಕೊಡುವುದು ಬೇರೆ, ನಳಿಕೆ ಹಾಕುವುದು ಬೇರೆ, ಹಾಗೆಂದು ಬಿಡಿಸಿ ಬರೆದರೆ ಆಯಿತು ಎಂದರು. ಅಳಿಯನದ್ದು ಮತ್ತೊಂದು ವಾದ: ಕೊಡಬಹುದು ಎಂದಿರಬೇಕೋ, ಕೊಡಬೇಕು ಎಂದಿರಬೇಕೋ? ಅವರವ್ವ ಬೇಕು ಎನ್ನುತ್ತಾಳೆ, ನಾನು ಬಹುದು ಎನ್ನುತ್ತೇನೆ, ಅವನು ಇಬ್ಬರ ಮಾತನ್ನೂ ಹಳದಿ ಬಳಿದು ಇಟ್ಟುಕೊಂಡಿದ್ದಾನೆ. ಸಾಲು ಬದಲಾದರೆ ಹೊಸ ಕಾಗದವನ್ನೇ ಮಾಡಿಸಬೇಕು, ಮತ್ತೆ ಸ್ಟ್ಯಾಂಪು, ಮತ್ತೆ ಸಾಕ್ಷಿಗಳು, ಮತ್ತೆ ನೋಟರಿ. ವಹಿನಿ ಶನಿವಾರ ಆದರೆ ಬರುತ್ತೇನೆ ಎಂದಿದ್ದಾರೆ. ಪೇಪರ್‌ವಾಲಾನದ್ದು ಲೈನ್ ಮುಗಿಯುವುದು ಒಂಬತ್ತಕ್ಕೆ. ತಂಗಿ ಮಾತ್ರ ಇನ್ನೂ ಒಪ್ಪಿಲ್ಲ, ಈ ವಿಷಯ ಫೋನಿನಲ್ಲಿ ಬಗೆಹರಿಯುವುದಿಲ್ಲ ಎಂದು ಮುಂದಿನ ವಾರ ಮತ್ಸ್ಯಗಂಧಾ ರೈಲಿಗೆ ಟಿಕೆಟ್ ಮಾಡಿಸಿದ್ದಾಳೆ. ಠಾಣೆಯಲ್ಲಿ ಇಳಿಯುತ್ತಾಳೆ. ನನ್ನ ಮನೆಯಲ್ಲಿರುವುದು ಒಂದೇ ಹಾಸಿಗೆ, ವಹಿನಿಯವರ ಹತ್ತಿರ ಇನ್ನೊಂದು ಕೇಳಬೇಕು.